ಅಡಿಕೆ ದುಡ್ಡು ಸಿನಿಮಾಕ್ಕೆ ಹಾಕಬಹುದಾ? ನಿರ್ಮಾಪಕನ ಕೆಲಸ ಏನು, ಗೊತ್ತಿದ್ದವರು ಹೇಳಿ

ತುಂಗಾತೀರ (ತೀರ್ಥಹಳ್ಳಿ):

ಎಲ್ಲರಿಗೂ ನಮಸ್ಕಾರ. ನಮ್ಮ ದೊಡ್ಡಪ್ಪನ ಮಗ ಒಂದು ಕನ್ನಡ ಸಿನಿಮಾ ನಿರ್ಮಾಣ ಮಾಡಲು ಹೊರಟಿದ್ದಾನೆ. ಕಥೆ ನಮ್ಮ ಸೀಮೆಯದ್ದೇ. ನಿರ್ದೇಶನ ಮಾಡುವ ಹುಡುಗನ ಕಿರುಚಿತ್ರಗಳನ್ನು ನೋಡಿದ್ದೇನೆ, ಕೆಲಸ ಬಲ್ಲವನು. ದುಡ್ಡು ಮಾತ್ರ ತೋಟದ್ದು. ಮನೆಯಲ್ಲಿ ಎಲ್ಲರಿಗೂ ಹೆದರಿಕೆ. ಸಿನಿಮಾಕ್ಕೆ ದುಡ್ಡು ಹಾಕಿ ಉದ್ಧಾರ ಆದವರು ಯಾರಿದ್ದಾರೆ ಅಂತ ಕೇಳುತ್ತಾರೆ. ನನ್ನ ಹತ್ತಿರ ಉತ್ತರ ಇಲ್ಲ.

ನಮ್ಮ ಕಡೆಯ ಸಿನಿಮಾಗಳ ಬಗ್ಗೆ ನಾವು ಗಂಟೆಗಟ್ಟಲೆ ಮಾತಾಡುತ್ತೇವೆ. ಕಾದಂಬರಿ ಯಾರದ್ದು, ನಿರ್ದೇಶಕ ಯಾರು, ಶೂಟಿಂಗ್ ಎಲ್ಲಿ ಆಯ್ತು, ಎಲ್ಲ ಬಾಯಿಪಾಠ. ನಿರ್ಮಾಪಕ ಯಾರು ಅಂದರೆ ತಡವರಿಸುತ್ತೇವೆ. ಅವರು ಒಂದು ಸಿನಿಮಾಕ್ಕೇ ನಿಲ್ಲಿಸಿದರಾ, ಮುಂದುವರಿದರಾ? ದುಡ್ಡು ಕೊಡುವುದು ಬಿಟ್ಟು ಬೇರೆ ಏನು ಮಾಡುತ್ತಾರೆ? ಗೊತ್ತಿದ್ದವರು ದಯವಿಟ್ಟು ಬರೆಯಿರಿ.

ಹಳೇ ಟಾಕೀಸ್ (ಶಿವಮೊಗ್ಗ):

ಪಟ್ಟಾಭಿರಾಮ ರೆಡ್ಡಿಯವರಿಂದಲೇ ಶುರು ಮಾಡೋಣ ತಮ್ಮಾ. ‘ಸಂಸ್ಕಾರ’ ಅಂದರೆ ನಮಗೆ ಅನಂತಮೂರ್ತಿಯವರ ಕಾದಂಬರಿ ನೆನಪಾಗುತ್ತದೆ. ಪ್ರಾಣೇಶಾಚಾರ್ಯರಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಲಂಕೇಶ್ ಕಣ್ಣಿಗೆ ಬರುತ್ತಾರೆ. ಆ ಸಿನಿಮಾವನ್ನು ನಿರ್ಮಿಸಿ, ನಿರ್ದೇಶನವನ್ನೂ ಮಾಡಿದವರು ನೆಲ್ಲೂರು ಕಡೆಯ ಒಬ್ಬ ತೆಲುಗು ಕವಿ. ಮದರಾಸಿನಲ್ಲಿ ಹೆಸರಾಂತ ನಿರ್ದೇಶಕ ಕೆ.ವಿ. ರೆಡ್ಡಿಯವರ ಜೊತೆ ಸೇರಿ ತೆಲುಗು ಸಿನಿಮಾ ನಿರ್ಮಾಣಕ್ಕೆ ಇಳಿದಿದ್ದರು. 1958ರ ‘ಪೆಳ್ಳಿನಾಟಿ ಪ್ರಮಾಣಾಲು’ ಆ ಕಾಲದ್ದು. ನಾಗೇಶ್ವರರಾವ್, ಜಮುನಾ ಅದರಲ್ಲಿದ್ದರು. ಸ್ಟುಡಿಯೋ, ಸೆಟ್, ಹಾಡು, ದೊಡ್ಡ ತಾರೆಯರು ಎಲ್ಲ ಇದ್ದ ಲೋಕ ಅದು.

ಅಂಥ ಮನುಷ್ಯ ಶೃಂಗೇರಿ ಹತ್ತಿರದ ವೈಕುಂಠಪುರಕ್ಕೆ ಬಂದು ಕೂತರು. ಕುಣಿತ ಇಲ್ಲ, ಬಣ್ಣ ಇಲ್ಲ. ಕಾರ್ನಾಡರನ್ನೂ ಲಂಕೇಶರನ್ನೂ ಸಿನಿಮಾದ ಜನ ಆಗ ಯಾರೂ ಬಲ್ಲವರಲ್ಲ. ಕ್ಯಾಮೆರಾಕ್ಕೆ ಆಸ್ಟ್ರೇಲಿಯಾದ ಟಾಮ್ ಕೋವನ್. ಕಲೆಗೆ ಎಸ್.ಜಿ. ವಾಸುದೇವ್. ಸಂಗೀತಕ್ಕೆ ಸರೋದ್ ವಾದಕ ರಾಜೀವ ತಾರಾನಾಥ್. ಚಂದ್ರಿಯಾಗಿ ಪಟ್ಟಾಭಿರಾಮ ರೆಡ್ಡಿಯವರ ಹೆಂಡತಿ ಸ್ನೇಹಲತಾ. ಇಷ್ಟೊಂದು ಹೊಸಬರ ನಡುವೆ ಶೂಟಿಂಗ್ ಕೆಲಸ ಅರೆದು ಕುಡಿದವರು ಒಬ್ಬರಾದರೂ ಬೇಕಲ್ವಾ? ಅದಕ್ಕೆ ಕೆ.ವಿ. ರೆಡ್ಡಿಯವರ ಹತ್ತಿರ ಪಳಗಿದ್ದ ಸಿಂಗೀತಂ ಶ್ರೀನಿವಾಸರಾವ್ ಬಂದರು. ನೀವು ಕೇಳಿದ ‘ಬೇರೆ ಕೆಲಸ’ ಇದೇ. ಯಾರ ಪಕ್ಕದಲ್ಲಿ ಯಾರನ್ನು ಕೂರಿಸಿದರೆ ಸಿನಿಮಾ ಆಗುತ್ತದೆ ಅಂತ ತಿಳಿಯುವುದು.

ಸಿನಿಮಾ ಮುಗಿದ ಮೇಲೆ ಇನ್ನೊಂದು ಕಷ್ಟ. ಮದರಾಸಿನ ಸೆನ್ಸಾರ್ ಮಂಡಳಿ ಪ್ರಮಾಣಪತ್ರ ಕೊಡಲಿಲ್ಲ. ದುಡ್ಡೆಲ್ಲ ಖರ್ಚಾಗಿದೆ, ಡಬ್ಬಿಗಳು ಮನೆಯಲ್ಲಿವೆ, ತೋರಿಸುವ ಹಾಗಿಲ್ಲ. ಕೇಂದ್ರ ಸರ್ಕಾರದ ತನಕ ಹೋಗಿ ಬಿಡಿಸಿಕೊಳ್ಳಬೇಕಾಯಿತು. ಕೊನೆಗೆ ಅದೇ ಸಿನಿಮಾ 1970ರ ದೇಶದ ಅತ್ಯುತ್ತಮ ಚಿತ್ರ ಅನಿಸಿಕೊಂಡಿತು. ಕನ್ನಡಕ್ಕೆ ಆ ಪ್ರಶಸ್ತಿ ಬಂದಿದ್ದು ಅದೇ ಮೊದಲು. ಸೆನ್ಸಾರ್ ತಡೆದಾಗ ಕೈ ಚೆಲ್ಲಿ ಕೂತಿದ್ದರೆ ನಮ್ಮ ಹೊಸ ಅಲೆಯ ಸಿನಿಮಾ ಎಷ್ಟು ವರ್ಷ ಹಿಂದೆ ಉಳಿಯುತ್ತಿತ್ತೋ.

ಮಳೆಕಾಡು (ಶೃಂಗೇರಿ):

ವೈಕುಂಠಪುರ ನಮ್ಮ ಪಕ್ಕದಲ್ಲೇ ಇದೆ. ಈ ಕಥೆ ನಮ್ಮ ಮಕ್ಕಳಿಗೆ ಶಾಲೆಯಲ್ಲಿ ಯಾಕೆ ಹೇಳುವುದಿಲ್ಲವೋ. ಒಂದು ಪ್ರಶ್ನೆ ಅಣ್ಣ. ಅಷ್ಟು ದೊಡ್ಡ ಪ್ರಶಸ್ತಿ ಬಂದ ಮೇಲೆ ಅವರು ಸಾಲುಸಾಲಾಗಿ ಸಿನಿಮಾ ಮಾಡಬೇಕಿತ್ತಲ್ಲ?

ಹಳೇ ಟಾಕೀಸ್ (ಶಿವಮೊಗ್ಗ):

ಮಾಡಲಿಲ್ಲ. ಗಂಡ ಹೆಂಡತಿ ಇಬ್ಬರೂ ಸಮಾಜವಾದಿ ನಾಯಕ ಲೋಹಿಯಾ ಅವರ ವಿಚಾರದವರು. ತುರ್ತು ಪರಿಸ್ಥಿತಿಯಲ್ಲಿ, 1976ರಲ್ಲಿ, ಸ್ನೇಹಲತಾ ಅವರನ್ನು ಬಂಧಿಸಿ ಬೆಂಗಳೂರು ಜೈಲಿನಲ್ಲಿ ಇಟ್ಟರು. ಅಸ್ತಮಾ ಇತ್ತು. 1977ರ ಜನವರಿಯಲ್ಲಿ ಹೊರಗೆ ಬಿಟ್ಟ ಕೆಲವೇ ದಿನಕ್ಕೆ ತೀರಿಕೊಂಡರು. ಅದೇ ವರ್ಷ ಲಂಕೇಶರ ನಾಟಕ ಆಧರಿಸಿದ ‘ಚಂಡಮಾರುತ’ ಬಂತು. ಆಮೇಲೆ 1984ರಲ್ಲಿ ಒಂದು, 1993ರಲ್ಲಿ ಒಂದು. 2006ರಲ್ಲಿ ಪಟ್ಟಾಭಿರಾಮ ರೆಡ್ಡಿಯವರೂ ಹೋದರು. ವರ್ಷಕ್ಕೆ ಎರಡು ಸಿನಿಮಾ ಮಾಡಿದವರನ್ನು ಮಾತ್ರ ಯಶಸ್ವಿ ನಿರ್ಮಾಪಕ ಅನ್ನುವುದಾದರೆ ಇವರು ಲೆಕ್ಕಕ್ಕೆ ಬರುವುದಿಲ್ಲ. ನನ್ನ ಮಟ್ಟಿಗೆ ಇವರೇ ಮೊದಲಿನ ಸಾಲಿನವರು.

ಹಿನ್ನೀರು (ಸಾಗರ):

ಹೆಣ್ಣುಮಕ್ಕಳನ್ನು ಮರೆಯಬೇಡಿ. ನಾ. ಡಿಸೋಜ ನಮ್ಮ ಸಾಗರದವರು. ಶರಾವತಿ ಹಿನ್ನೀರಿನಲ್ಲಿ ಮುಳುಗಿದ ಊರುಗಳ ನೋವನ್ನು ಅವರಷ್ಟು ಬರೆದವರು ಇನ್ನೊಬ್ಬರಿಲ್ಲ. ಅವರ ‘ದ್ವೀಪ’ ಸಿನಿಮಾ ಆಯ್ತು, ಗಿರೀಶ ಕಾಸರವಳ್ಳಿ ನಿರ್ದೇಶಿಸಿದರು, ಸೌಂದರ್ಯ ನಾಗಿ ಪಾತ್ರ ಮಾಡಿದರು. ಇಷ್ಟು ಎಲ್ಲರಿಗೂ ಗೊತ್ತು. ಆ ಸಿನಿಮಾದ ನಿರ್ಮಾಪಕಿಯೂ ಸೌಂದರ್ಯ ಅವರೇ ಅನ್ನುವುದು ಎಷ್ಟು ಜನಕ್ಕೆ ಗೊತ್ತು?

ಆಗ ಅವರು ತೆಲುಗಿನಲ್ಲಿ ಬಹು ಬೇಡಿಕೆಯ ನಾಯಕಿ. ಅಮಿತಾಭ್ ಬಚ್ಚನ್ ಜೊತೆ ಹಿಂದಿಯಲ್ಲೂ ಮಾಡಿದ್ದರು. ಕಾಲ್‌ಶೀಟ್ ಕೊಟ್ಟು ಸಂಭಾವನೆ ತೆಗೆದುಕೊಂಡು ಹಾಯಾಗಿ ಇರಬಹುದಿತ್ತು. ಅದನ್ನು ಬಿಟ್ಟು, ಸುತ್ತ ನೀರು ಏರುತ್ತಿರುವ ಗುಡ್ಡದ ಮೇಲೆ ಉಳಿದುಕೊಂಡ ಒಂದು ಬಡ ಕುಟುಂಬದ ಕಥೆಗೆ ದುಡ್ಡು ಹಾಕಿದರು. ಮಳೆಯೇ ಆ ಸಿನಿಮಾದ ಮುಖ್ಯ ಪಾತ್ರ. ಮಳೆಯ ಸಿನಿಮಾ ತೆಗೆಯುವುದು ಎಂಥ ಕಷ್ಟ ಅಂತ ಮಲೆನಾಡಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ರಾಷ್ಟ್ರಪ್ರಶಸ್ತಿಯಲ್ಲಿ ಅತ್ಯುತ್ತಮ ಚಿತ್ರ ಅದೇ ಆಯ್ತು. ಛಾಯಾಗ್ರಾಹಕ ಎಚ್.ಎಂ. ರಾಮಚಂದ್ರ ಅವರಿಗೂ ಪ್ರಶಸ್ತಿ ಬಂತು. ಅತ್ಯುತ್ತಮ ಚಿತ್ರದ ಸ್ವರ್ಣ ಕಮಲ ನಿರ್ದೇಶಕರಿಗೂ ಕೊಡುತ್ತಾರೆ, ನಿರ್ಮಾಪಕರಿಗೂ ಕೊಡುತ್ತಾರೆ. ಅಂದರೆ ಅದರಲ್ಲಿ ಸೌಂದರ್ಯ ಅವರ ಪಾಲು ಸರಿಸಮ.

2004ರ ಏಪ್ರಿಲ್‌ನಲ್ಲಿ ವಿಮಾನ ಅಪಘಾತದಲ್ಲಿ ಹೋಗಿಬಿಟ್ಟರು. ಇನ್ನೂ ಹತ್ತು ವರ್ಷ ಇದ್ದಿದ್ದರೆ ಎಂಥೆಂಥ ಸಿನಿಮಾ ನಿರ್ಮಿಸುತ್ತಿದ್ದರು ಅಂತ ನನಗೆ ಈಗಲೂ ಸಂಕಟ ಆಗುತ್ತದೆ. ಕಾಸರವಳ್ಳಿಯವರ ‘ತಾಯಿ ಸಾಹೇಬ’ ನಿರ್ಮಿಸಿ ಅದರಲ್ಲಿ ನಟಿಸಿದವರೂ ಒಬ್ಬ ನಟಿಯೇ, ಜಯಮಾಲಾ. ಅದಕ್ಕೂ ಸ್ವರ್ಣ ಕಮಲ ಬಂದಿತ್ತು. ತೀರ್ಥಹಳ್ಳಿ ತಾಲ್ಲೂಕಿನ ಒಬ್ಬ ನಿರ್ದೇಶಕನ ಬೆನ್ನಿಗೆ ಇಬ್ಬರು ನಾಯಕಿಯರು ತಮ್ಮ ದುಡ್ಡು ಇಟ್ಟು ನಿಂತರು. ಈ ಮಾತು ನಮ್ಮ ಕಡೆ ಇನ್ನೂ ಜಾಸ್ತಿ ಕೇಳಿಬರಬೇಕು.

ಕುಂಬಳಕಾಯಿ (ಭದ್ರಾವತಿ):

ಬೆಂಗಳೂರಿನ ಸಿನಿಮಾದವರ ಬೀದಿ ಗಾಂಧಿನಗರದಲ್ಲಿ ಬಹಳ ವರ್ಷ ಪ್ರೊಡಕ್ಷನ್ ಮ್ಯಾನೇಜರ್ ಕೆಲಸ ಮಾಡಿದವನು ನಾನು. ಈಗ ಊರಿಗೆ ಬಂದಿದ್ದೇನೆ. ತುಂಗಾತೀರ ಅವರೇ, ನಿಮ್ಮ ಅಣ್ಣನಿಗೆ ಇದನ್ನು ತೋರಿಸಿ.

ಮೊದಲು ಕಥೆಯ ಹಕ್ಕು. ಬರೆದವರ ಹತ್ತಿರ, ಅವರಿಲ್ಲದಿದ್ದರೆ ಮನೆಯವರ ಹತ್ತಿರ, ಕಾಗದದ ಮೇಲೆ ಬರೆಸಿಕೊಳ್ಳಬೇಕು. ಬಾಯಿಮಾತು ಆಗುವುದಿಲ್ಲ. ಆಮೇಲೆ ಬ್ಯಾನರ್, ಅಂದರೆ ನಿರ್ಮಾಣ ಸಂಸ್ಥೆ ಮಾಡಿ, ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಶೀರ್ಷಿಕೆ ನೋಂದಾಯಿಸಬೇಕು. ಮುಹೂರ್ತಕ್ಕೆ ಮುಂಚೆ ಬಜೆಟ್ ಬರೆಯುವಾಗ ಎಲ್ಲರೂ ಶೂಟಿಂಗ್ ಖರ್ಚು ಬರೆಯುತ್ತಾರೆ. ಶೂಟಿಂಗ್ ಮುಗಿದು ಕುಂಬಳಕಾಯಿ ಒಡೆದ ದಿನ ಕೈಯಲ್ಲಿ ಕಾಸಿರುವುದಿಲ್ಲ. ಎಡಿಟಿಂಗ್, ಡಬ್ಬಿಂಗ್, ಹಿನ್ನೆಲೆ ಸಂಗೀತ, ಬಣ್ಣ ತಿದ್ದುವುದು, ಸೆನ್ಸಾರ್, ಪ್ರಚಾರ ಎಲ್ಲ ಬಾಕಿ ಇರುತ್ತದೆ. ಎಷ್ಟೋ ಸಿನಿಮಾ ಡಬ್ಬದಲ್ಲೇ ಉಳಿಯುವುದು ಇಲ್ಲೇ. ಪ್ರಚಾರದ ದುಡ್ಡನ್ನು ಮೊದಲ ದಿನವೇ ಬೇರೆ ಖಾತೆಯಲ್ಲಿ ಇಟ್ಟು, ಅದನ್ನು ಮುಟ್ಟಬೇಡಿ ಅಂತ ಹೇಳಿ.

ಇನ್ನು ದಿನದ ಕೆಲಸ. ಒಂದು ಸಲ ಆಗುಂಬೆಯಲ್ಲಿ ಶೂಟಿಂಗ್. ಮಳೆಗಾಲ ಹೋಯ್ತು ಅಂತ ಲೆಕ್ಕ ಹಾಕಿ ಹೋಗಿದ್ದೆವು. ಮಧ್ಯಾಹ್ನದ ಹೊತ್ತಿಗೆ ಮೋಡ ಅಂಗಳಕ್ಕೆ ಇಳಿದು, ಎದುರಿನ ಕೊಟ್ಟಿಗೆ ಕಾಣದ ಹಾಗಾಯ್ತು. ಜನರೇಟರ್ ಗಾಡಿಗೆ ಟಾರ್ಪಾಲು ಹೊದಿಸಿ ಎಲ್ಲರೂ ಜಗಲಿಯಲ್ಲಿ ಕೂತೆವು. ನಿರ್ದೇಶಕರಿಗೆ ಬಿಸಿಲೇ ಬೇಕು. ಕಲಾವಿದರಿಗೆ ಮರುದಿನ ಬೆಂಗಳೂರಿನಲ್ಲಿ ಬೇರೆ ಶೂಟಿಂಗ್. ಕಾಲ್‌ಶೀಟ್, ಅಂದರೆ ಆ ದಿನದ ಕೆಲಸದ ಹೊತ್ತು, ಮುಗಿಯುತ್ತಾ ಬಂತು, ಅದರ ಮೇಲೆ ಹೋದರೆ ಒಂದೂವರೆ ಕಾಲ್‌ಶೀಟಿನ ಕೂಲಿ. ನಿರ್ಮಾಪಕರು ಸ್ಕ್ರಿಪ್ಟ್ ಬುಕ್ ತರಿಸಿಕೊಂಡು, ಅಡುಗೆಮನೆಯ ದೃಶ್ಯ ಯಾವಾಗ ಇದೆ ಅಂತ ಕೇಳಿದರು. ಮುಂದಿನ ವಾರ ಅಂದರು. ಒಲೆ ಹಚ್ಚಿಸಿ, ಹೊಗೆಯಲ್ಲೇ ಅದನ್ನು ಆ ಸಂಜೆ ತೆಗೆಸಿದರು. ಸಿನಿಮಾ ನೋಡಿದವರೆಲ್ಲ ಆ ದೃಶ್ಯ ಹೊಗಳಿದರು. ಕಥೆ ಪೂರ್ತಿ ತಲೆಯಲ್ಲಿ ಇಲ್ಲದ ನಿರ್ಮಾಪಕನಿಗೆ ಆ ಪ್ರಶ್ನೆ ಕೇಳಲು ಬರುವುದಿಲ್ಲ.

ರಾತ್ರಿ ಲೆಕ್ಕದ ಪುಸ್ತಕ ತೆಗೆದರೆ ಡೀಸೆಲ್, ಬಾಟಾ (ದಿನದ ಭತ್ಯೆ), ಊಟ, ಲಾಡ್ಜ್, ಜೂನಿಯರ್ ಕಲಾವಿದರ ವ್ಯಾನು. ದಿನವೂ ಅದನ್ನು ನೋಡಿ ಸಹಿ ಹಾಕುವ ನಿರ್ಮಾಪಕ ಉಳಿಯುತ್ತಾನೆ. ‘ಎಲ್ಲ ಮ್ಯಾನೇಜರ್ ನೋಡಿಕೊಳ್ತಾನೆ’ ಅಂದವನು ಕೈ ಸುಟ್ಟುಕೊಳ್ಳುತ್ತಾನೆ. ಇದನ್ನು ಒಬ್ಬ ಮ್ಯಾನೇಜರ್ ಹೇಳುತ್ತಿದ್ದಾನೆ, ನೆನಪಿಡಿ. ದನ, ನಾಯಿ, ಎತ್ತು ತೋರಿಸುವುದಿದ್ದರೆ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಮೊದಲೇ ಬೇಕು. ಕಾಡಿನಲ್ಲಿ ತೆಗೆಯುವುದಿದ್ದರೆ ಅರಣ್ಯ ಇಲಾಖೆಯದ್ದೂ ಬೇಕು.

ತುಂಗಾತೀರ (ತೀರ್ಥಹಳ್ಳಿ):

ಅಣ್ಣ, ಇಷ್ಟು ಬಿಡಿಸಿ ಯಾರೂ ಹೇಳಿರಲಿಲ್ಲ. ಹಾಕಿದ ದುಡ್ಡು ವಾಪಸ್ ಬರುವ ದಾರಿ ಯಾವುದು?

ಕುಂಬಳಕಾಯಿ (ಭದ್ರಾವತಿ):

ಹಳೇ ಚಿತ್ರಮಂದಿರಗಳಿಗೆ ನಾವೇ ವಾರದ ಬಾಡಿಗೆ ಕಟ್ಟಬೇಕು. ಜನ ಬರಲಿ ಬಿಡಲಿ, ಬಾಡಿಗೆ ಬಾಡಿಗೆಯೇ. ಮಲ್ಟಿಪ್ಲೆಕ್ಸಿನಲ್ಲಿ ಟಿಕೆಟ್ ದುಡ್ಡು ಇಬ್ಬರಿಗೂ ಪಾಲು. ಆದರೆ ಶೋ ಕೊಡುವುದು ಬೆಳಿಗ್ಗೆ ಹತ್ತಕ್ಕೋ ಏನೋ. ಸೋಮವಾರ ಜನ ಇಲ್ಲ ಅಂದರೆ ಶುಕ್ರವಾರಕ್ಕೆ ಜಾಗ ಖಾಲಿ. ಮೊದಲೆಲ್ಲ ಟಿವಿ ಹಕ್ಕಿನಿಂದ ಒಂದು ಮೊತ್ತ ಬರುತ್ತಿತ್ತು. ಈಗ ಹೊಸಬರ ಸಿನಿಮಾಕ್ಕೆ ಅದು ಕಷ್ಟ. ಓಟಿಟಿಯವರೂ ಬಹಳಷ್ಟು ಕನ್ನಡ ಚಿತ್ರಗಳಿಗೆ ನೋಡಿದಷ್ಟಕ್ಕೆ ದುಡ್ಡು ಅನ್ನುತ್ತಾರೆ, ಮುಂಗಡ ಕೊಡುವುದಿಲ್ಲ. ಸರ್ಕಾರದ ಸಹಾಯಧನ ಇದೆ. ಸಮಿತಿ ನೋಡಿ ಆರಿಸಿದ ಸಿನಿಮಾಕ್ಕೆ ಮಾತ್ರ, ಅದೂ ತಡವಾಗಿ. ವರ್ಷಕ್ಕೆ 200ಕ್ಕೂ ಹೆಚ್ಚು ಕನ್ನಡ ಸಿನಿಮಾ ಬರುತ್ತಿವೆ. ದುಡ್ಡು ಮಾಡುವವು ಬೆರಳೆಣಿಕೆ. ಇದು ಗೊತ್ತಿದ್ದೇ ಇಳಿಯಬೇಕು.

ಮಂಡಿ ಲೆಕ್ಕ (ಹೊಸನಗರ):

ನಾನು ಬೇಡ ಅನ್ನುವ ಕಡೆಯವನು. ನಮ್ಮ ಮಾವ ಒಂದು ಸಿನಿಮಾಕ್ಕೆ ಪಾಲುದಾರರಾಗಿ ಸೇರಿದ್ದರು. ಕರೆದುಕೊಂಡು ಹೋದವರ ಹೆಸರು ಇಲ್ಲಿ ಬೇಡ. ಕರಾರಿನಲ್ಲಿ ಅವರ ಪಾಲು ಎಷ್ಟು ಅಂತಲೇ ಸರಿಯಾಗಿ ಬರೆದಿರಲಿಲ್ಲ. ಸಾಲುವುದಿಲ್ಲ ಅಂತ ತಿಂಗಳ ಬಡ್ಡಿಗೆ ಸಾಲ ತಂದರು. ಸಿನಿಮಾ ಒಂದು ವಾರ ಓಡಿತು. ಸಾಲ ತೀರಿಸಲು ಗದ್ದೆ ಕೊಡಬೇಕಾಯಿತು. ಅತ್ತೆ ಆ ಸಿನಿಮಾವನ್ನು ಇವತ್ತಿಗೂ ನೋಡಿಲ್ಲ.

ಅಡಿಕೆ ಸಸಿ ನೆಟ್ಟರೆ ಕೊಳೆ ರೋಗ ಬಂದು ಒಂದು ವರ್ಷದ ಫಸಲು ಉದುರಬಹುದು, ಮರ ನಿಂತಿರುತ್ತದೆ, ಮುಂದಿನ ವರ್ಷ ಗೊನೆ ಬಿಡುತ್ತದೆ. ಸಿನಿಮಾ ಮೊದಲ ಶುಕ್ರವಾರ ಉದುರಿದರೆ ಮರವೂ ಇಲ್ಲ. ತೋಟ ಅಡ ಇಟ್ಟು ಮಾಡುವುದಾದರೆ ಖಂಡಿತ ಬೇಡ ಅನ್ನಿ.

ಹಳೇ ಟಾಕೀಸ್ (ಶಿವಮೊಗ್ಗ):

ಮಂಡಿ ಲೆಕ್ಕ ಅವರ ಮಾತು ಪೂರ್ತಿ ಒಪ್ಪುತ್ತೇನೆ. ಸಾಲ ಮಾಡಿ ಮೊದಲ ಸಿನಿಮಾ ಬೇಡ. ಈ ಕಸುಬಿನಲ್ಲಿ ಬಾಳಿದವರನ್ನೂ ನೋಡಬೇಕು. ಪಾರ್ವತಮ್ಮ ರಾಜಕುಮಾರ್ 1975ರ ‘ತ್ರಿಮೂರ್ತಿ’ಯಿಂದ ಶುರು ಮಾಡಿ ಸುಮಾರು 80 ಸಿನಿಮಾ ನಿರ್ಮಿಸಿದರು. ರಾಜಕುಮಾರ್ ಇದ್ದರು, ಅದಕ್ಕೇ ಆಯ್ತು ಅನ್ನುವವರಿದ್ದಾರೆ. ನನಗೆ ಹಾಗನಿಸುವುದಿಲ್ಲ. ಕಾದಂಬರಿ ಓದಿ ಕಥೆ ಆರಿಸುತ್ತಿದ್ದರು. ಹಂಚಿಕೆಯನ್ನೂ ತಮ್ಮ ಕೈಯಲ್ಲೇ ಇಟ್ಟುಕೊಂಡರು, ಹಾಗಾಗಿ ಟಿಕೆಟ್ ದುಡ್ಡು ಎಲ್ಲಿ ಸೋರುತ್ತದೆ ಅಂತ ಗೊತ್ತಿತ್ತು. ಸುಧಾರಾಣಿ, ಮಾಲಾಶ್ರೀ, ರಕ್ಷಿತಾ, ರಮ್ಯಾ ಹೀಗೆ ಹೊಸ ಮುಖಗಳನ್ನು ತಂದರು. ಮೂರು ತಲೆಮಾರಿನ ನೋಡುಗರನ್ನು ಅಳೆದವರು ಅವರು.

ದ್ವಾರಕೀಶ್ ಅವರದ್ದು ಇನ್ನೊಂದು ಥರ. 1969ರಲ್ಲಿ ‘ಮೇಯರ್ ಮುತ್ತಣ್ಣ’ ಗೆದ್ದಿತು. ಕನ್ನಡ ಸಿನಿಮಾವನ್ನು ಸಿಂಗಾಪುರಕ್ಕೆ, ಆಫ್ರಿಕಾಕ್ಕೆ ಕರೆದುಕೊಂಡು ಹೋದರು. ಮಧ್ಯೆ ಸೋತರು, ಆಸ್ತಿ ಮಾರಿದರು, ಮತ್ತೆ ಎದ್ದರು. 2004ರಲ್ಲಿ ‘ಆಪ್ತಮಿತ್ರ’ ಬಂದಾಗ ಅವರಿಗೆ ಅರವತ್ತು ದಾಟಿತ್ತು. ಸೌಂದರ್ಯ ತೀರಿಕೊಂಡ ಮೇಲೆ ತೆರೆಗೆ ಬಂದ ಸಿನಿಮಾ ಅದು. 2024ರಲ್ಲಿ ದ್ವಾರಕೀಶ್ ಕೂಡ ಹೋದರು.

ಜೋಗದ ದಾರಿ (ತಾಳಗುಪ್ಪ):

‘ಮುಂಗಾರು ಮಳೆ’ ಮರೆತಿರಾ? ನಿರ್ಮಾಪಕ ಇ. ಕೃಷ್ಣಪ್ಪ. 2006ರ ಡಿಸೆಂಬರ್ ಕೊನೆಯಲ್ಲಿ ಬಂತು. ಅದರ ಮೇಲೆ ಜೋಗಕ್ಕೆ ಬಂದ ಜನ ಎಲ್ಲ ಗಣೇಶ್ ನಿಂತ ಬಂಡೆ ಎಲ್ಲಿ ಅಂತಲೇ ಕೇಳುತ್ತಿದ್ದರು. ನಮ್ಮ ಕಡೆ ಹೋಟೆಲ್, ಜೀಪಿನವರಿಗೆಲ್ಲ ಅದು ಒಳ್ಳೆ ಕಾಲ. ಒಬ್ಬ ನಿರ್ಮಾಪಕ ಮಳೆಯಲ್ಲಿ ಶೂಟಿಂಗ್ ಮಾಡಲು ಒಪ್ಪಿದ್ದಕ್ಕೆ ಒಂದು ಊರಿನ ವ್ಯಾಪಾರ ಏಳುತ್ತದೆ. ಗೆದ್ದ ಮೇಲೆ ಮತ್ತೆ ಹೊಸಬರನ್ನೇ ಹುಡುಕಿ ‘ಮೊಗ್ಗಿನ ಮನಸು’ ಮಾಡಿದರು. ಯಶ್, ರಾಧಿಕಾ ಪಂಡಿತ್ ಹೆಸರಾಗಿದ್ದು ಅದರಿಂದ.

ಹಿನ್ನೀರು (ಸಾಗರ):

ಒಬ್ಬರ ತಲೆ ಮೇಲೇ ಎಲ್ಲ ಭಾರ ಯಾಕೆ? 1976ರ ‘ಮಂಥನ್’ ಸಿನಿಮಾಕ್ಕೆ ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಕೊಟ್ಟಿದ್ದರು. ನಿರ್ಮಾಪಕರು ಅಂತ ಅವರ ಹೆಸರೇ ತೆರೆ ಮೇಲೆ ಬರುತ್ತದೆ. ನಮ್ಮಲ್ಲಿ 2013ರಲ್ಲಿ ಪವನ್ ಕುಮಾರ್ ‘ಲೂಸಿಯಾ’ವನ್ನು ನೋಡುಗರ ದುಡ್ಡಿನಿಂದಲೇ ಮಾಡಿದರು. ತೇಜಸ್ವಿಯವರ ಕಥೆಯ ‘ಡೇರ್‌ಡೆವಿಲ್ ಮುಸ್ತಾಫಾ’ 2023ರಲ್ಲಿ ಬಂತಲ್ಲ, ಅದಕ್ಕೆ ದುಡ್ಡು ಹಾಕಿದವರು ತೇಜಸ್ವಿ ಓದುಗರು. ಓದಿದ ಕಥೆಯ ಮೇಲಿನ ಪ್ರೀತಿಗೆ ಜನ ಕೈಯಿಂದ ದುಡ್ಡು ಬಿಚ್ಚಿದರು ಅಂದರೆ ಸಣ್ಣ ಮಾತಲ್ಲ. ಹೆಗ್ಗೋಡಿನಲ್ಲಿ ನೀನಾಸಂ 1970ರ ದಶಕದಲ್ಲೇ ಚಿತ್ರಸಮಾಜ ಕಟ್ಟಿ ಹಳ್ಳಿಯವರಿಗೆ ಜಗತ್ತಿನ ಸಿನಿಮಾ ತೋರಿಸಿತ್ತು. ಆ ಅಭಿರುಚಿ ಇರುವ ಸೀಮೆ ನಮ್ಮದು. ಹತ್ತು ಮನೆಯವರು ಕಳೆದುಕೊಂಡರೂ ಪರವಾಗಿಲ್ಲ ಅನ್ನುವಷ್ಟು ಮಾತ್ರ ಹಾಕಿ ಸೇರಿದರೆ ಒಂದು ಸಣ್ಣ ಸಿನಿಮಾ ಆಗುತ್ತದೆ.

ಮಂಡಿ ಲೆಕ್ಕ (ಹೊಸನಗರ):

ಇದು ಸರಿಯಾದ ಮಾತು ಅಕ್ಕ. ಯಾರ ಪಾಲು ಎಷ್ಟು, ಮೊದಲು ಯಾರಿಗೆ ವಾಪಸ್, ನಷ್ಟ ಆದರೆ ಹೇಗೆ ಅಂತ ವಕೀಲರ ಹತ್ತಿರ ಬರೆಸಿದರೆ ನಾನೂ ಒಂದು ಪಾಲು ಹಾಕುತ್ತೇನೆ. ನಮ್ಮ ಅರಸಾಳು ಸ್ಟೇಷನ್‌ನಲ್ಲಿ ಈಗ ‘ಮಾಲ್ಗುಡಿ’ ಮ್ಯೂಸಿಯಂ ಇದೆ. ಶಂಕರನಾಗ್ ಹೆಸರು ಎಲ್ಲರ ಬಾಯಲ್ಲಿ. ಅಲ್ಲಿ ತೆಗೆದ ಅವರ ‘ಮಾಲ್ಗುಡಿ ಡೇಸ್’ ಧಾರಾವಾಹಿಯ ನಿರ್ಮಾಪಕ ಟಿ.ಎಸ್. ನರಸಿಂಹನ್ ಅಂತ ಅಲ್ಲಿಗೆ ಬಂದ ನೆಂಟರಿಗೆ ಇನ್ನು ಮೇಲೆ ನಾನೇ ಹೇಳುತ್ತೇನೆ.

ತುಂಗಾತೀರ (ತೀರ್ಥಹಳ್ಳಿ):

ಎಲ್ಲವನ್ನೂ ಅಣ್ಣನಿಗೆ ಓದಿ ಹೇಳಿದೆ. ತೋಟ ಅಡ ಇಡುವುದನ್ನು ಕೈಬಿಟ್ಟಿದ್ದಾನೆ. ಪಾಲುದಾರರನ್ನು ಸೇರಿಸಿ, ಬಜೆಟ್ ಇಳಿಸಿ, ಬರುವ ಬೇಸಿಗೆಗೆ ನೋಡೋಣ ಅಂದ. ಅವನದ್ದೇ ಒಂದು ಪ್ರಶ್ನೆ ಇದೆ. ಸಿನಿಮಾ ಬಿಡುಗಡೆ ಆಗಿ ಹೋದ ಮೇಲೆ ನಿರ್ಮಾಪಕನಿಗೆ ಏನು ಉಳಿಯುತ್ತದೆ?

ಹಳೇ ಟಾಕೀಸ್ (ಶಿವಮೊಗ್ಗ):

ಸಿನಿಮಾವೇ ಉಳಿಯುತ್ತದೆ. 1957ರ ಹಕ್ಕುಸ್ವಾಮ್ಯ ಕಾಯ್ದೆ ಪ್ರಕಾರ ಚಲನಚಿತ್ರದ ಕರ್ತೃ ನಿರ್ಮಾಪಕ. ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ ಹಕ್ಕು ಅವನದ್ದು. ಟಿವಿ, ಓಟಿಟಿ, ಬೇರೆ ಭಾಷೆ ಯಾವುದಕ್ಕೆ ಎಷ್ಟು ವರ್ಷಕ್ಕೆ ಕೊಡುತ್ತೇನೆ ಅಂತ ಬರೆಯದೆ ಸಾರಾಸಗಟು ಕೊಟ್ಟುಬಿಟ್ಟರೆ ಅದೂ ಕೈಬಿಟ್ಟು ಹೋಗುತ್ತದೆ. ಹಾಗೆ ಮಾರಬೇಡಿ.

ಹಕ್ಕಿನ ಜೊತೆ ಹೊಣೆಯೂ ಇದೆ. ‘ಘಟಶ್ರಾದ್ಧ’ 1977ರ ಸಿನಿಮಾ. ಕಾಸರವಳ್ಳಿ ಪುಣೆಯಲ್ಲಿ ಕಲಿತು ಬಂದ ಹೊಸ ಹುಡುಗ, ಅದು ಅವರ ಮೊದಲ ಸಿನಿಮಾ. ನಂಬಿ ದುಡ್ಡು ಹಾಕಿದವರು ಮುಂಬಯಿ ಕನ್ನಡ ರಂಗಭೂಮಿಯ ಸದಾನಂದ ಸುವರ್ಣ. ಅದಕ್ಕೂ ಸ್ವರ್ಣ ಕಮಲ. ಸುವರ್ಣರು 2024ರ ಜುಲೈನಲ್ಲಿ ತೀರಿಕೊಂಡರು. ಕೆಲವೇ ವಾರಗಳಲ್ಲಿ ಆ ಸಿನಿಮಾದ ಹೊಸದಾಗಿ ಸರಿಪಡಿಸಿದ ಪ್ರತಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಲ್ಪಟ್ಟಿತು. ಫಿಲ್ಮ್ ಹೆರಿಟೇಜ್ ಫೌಂಡೇಶನ್‌ನವರು ಆ ಕೆಲಸ ಮಾಡಿದರು. ಮೂಲ ಫಿಲ್ಮು ಎಲ್ಲೋ ಉಳಿದಿದ್ದರಿಂದ ಇದೆಲ್ಲ ಸಾಧ್ಯವಾಯಿತು.

ಉಳಿಯದೇ ಹೋದ ಕನ್ನಡ ಸಿನಿಮಾಗಳು ಬಹಳ ಇವೆ. ನಮ್ಮ ಹವೆಯಲ್ಲಿ ಫಿಲ್ಮ್ ಡಬ್ಬಿ ಅಟ್ಟದ ಮೇಲಿಟ್ಟರೆ ಬೂಷ್ಟು ಹಿಡಿದು, ಹುಳಿ ವಾಸನೆ ಬಂದು, ಸುರುಳಿ ಒಂದಕ್ಕೊಂದು ಅಂಟಿಕೊಳ್ಳುತ್ತದೆ. ನಿಮ್ಮ ಅಣ್ಣ ಡಿಜಿಟಲ್‌ನಲ್ಲಿ ಮಾಡುತ್ತಾನೆ. ಹಾಗಾಗಿ ಮಾಸ್ಟರ್ ಪ್ರತಿಯನ್ನು ಎರಡು ಬೇರೆ ಊರಿನಲ್ಲಿ ಇಡಲಿ, ಆಗಾಗ ತೆರೆದು ನೋಡಿ ಹೊಸ ಡಿಸ್ಕಿಗೆ ಹಾಕಿಸಲಿ. ಆ ಖರ್ಚನ್ನೂ ಬಜೆಟ್‌ನಲ್ಲಿ ಬರೆಯಲಿ. ಇಲ್ಲಿ ಓದುತ್ತಿರುವ ಯಾರ ಮನೆಯಲ್ಲಾದರೂ ಹಳೇ ಪ್ರಿಂಟು, ನೆಗೆಟಿವ್, ಶೂಟಿಂಗ್ ಫೋಟೋ, ಪಾಂಪ್ಲೆಟ್ ಇದ್ದರೆ ಎಸೆಯಬೇಡಿ, ಡಬ್ಬಿಯನ್ನು ನೀವೇ ಬಿಚ್ಚಲೂ ಬೇಡಿ. ಪುಣೆಯ ರಾಷ್ಟ್ರೀಯ ಚಿತ್ರ ಸಂಗ್ರಹಾಲಯಕ್ಕೆ ಬರೆಯಬಹುದು. ನನಗೆ ಇಲ್ಲೇ ಸಂದೇಶ ಕಳಿಸಿದರೂ ಆಯ್ತು, ಪತ್ರ ಬರೆಯಲು ನಾನು ಕೂರುತ್ತೇನೆ.